ತಮ್ಮ ತುರುಬನ್ನು ತಾವೇ ಕಟ್ಟಿಕೊಂಡವರು

ರೇಷ್ಮೆಯ ಚರಿತ್ರೆ ಹೇಳುವ ಪುಸ್ತಕಗಳು ಬಹುಮಟ್ಟಿಗೆ ಒಬ್ಬ ರಾಣಿಯಿಂದಲೇ ಶುರುವಾಗುತ್ತವೆ. ಹಳದಿ ಚಕ್ರವರ್ತಿಯ ಹೆಂಡತಿ ಲೇಯಿಜು ಹಿಪ್ಪುನೇರಳೆ ಮರದ ಕೆಳಗೆ ಕೂತು ಚಹಾ ಕುಡಿಯುತ್ತಿದ್ದಾಗ ಮೇಲಿನಿಂದ ಗೂಡೊಂದು ಬಟ್ಟಲಿಗೆ ಬಿತ್ತಂತೆ. ತೆಗೆಯಲು ಹೋದರೆ ಎಳೆ ಬಿಚ್ಚಿಕೊಳ್ಳುತ್ತಾ ಬಂತಂತೆ. ಆಮೇಲಿನ ಕಥೆ ಇನ್ನೊಬ್ಬ ರಾಜಕುಮಾರಿಯದು. ಖೋತಾನಿನ ದೊರೆಯನ್ನು ಮದುವೆಯಾಗಿ ಹೊರಟ ಅವಳು ತಲೆಯುಡುಗೆಯೊಳಗೆ ಹುಳುವಿನ ಮೊಟ್ಟೆ ಬಚ್ಚಿಟ್ಟುಕೊಂಡು ಗಡಿ ದಾಟಿದಳು. ಪುಲಕೇಶಿಯ ನಾಡನ್ನು ಕಂಡು ಹೋದ ಹ್ಯೂಯೆನ್ ತ್ಸಾಂಗನೇ ಈ ಕಥೆಯನ್ನೂ ಬರೆದಿಟ್ಟಿದ್ದಾನೆ. ಮೂರನೆಯದು 6ನೇ ಶತಮಾನದ ಸನ್ಯಾಸಿಗಳದು. ಅವರು ಮೊಟ್ಟೆಗಳನ್ನು ಗುಟ್ಟಾಗಿ ಬೈಜಾಂಟಿಯಮ್ಮಿನ ಜಸ್ಟೀನಿಯನ್ ಚಕ್ರವರ್ತಿಗೆ ತಲುಪಿಸಿದರು. ಅಲ್ಲಿಂದ ಮುಂದೆ ಒಂಟೆಗಳು, ಮರಳುಗಾಡು, ರೇಷ್ಮೆ ದಾರಿ.

ಈ ಕಥೆಗಳು ನನಗೂ ಇಷ್ಟವೇ. ಕಾಳಿದಾಸನ ಶಾಕುಂತಲದಲ್ಲಿ 'ಚೀನಾಂಶುಕ' ಎಂಬ ಮಾತು ಬಂದಾಗ, ನಮ್ಮ ಹಳೆಯ ಕಾವ್ಯಗಳಲ್ಲಿ 'ಚೀನಾಂಬರ' ಕಂಡಾಗ, ಒಂದು ಬಟ್ಟೆ ತನ್ನ ಊರಿನ ಹೆಸರನ್ನು ಹೊತ್ತುಕೊಂಡು ಇಷ್ಟು ದೂರ ಬಂತಲ್ಲ ಎಂದು ಬೆರಗಾಗುತ್ತದೆ. ಆದರೆ ಈ ಕಥೆಗಳಲ್ಲಿ ಮೊಟ್ಟೆ ಕದ್ದವರಿದ್ದಾರೆ, ಬಟ್ಟೆ ಉಟ್ಟವರಿದ್ದಾರೆ, ಮಾರಿದವರಿದ್ದಾರೆ. ಕುದಿಯುವ ನೀರಿನಲ್ಲಿ ಬೆರಳಿಟ್ಟು ಗೂಡಿನಿಂದ ನೂಲು ತೆಗೆದವರು ಎಲ್ಲಿ ಎಂದು ಹುಡುಕುತ್ತಾ ಹೋದಾಗ ನನಗೆ ಸಿಕ್ಕಿದ್ದು ಬೇರೆಯೇ ಒಂದು ಸಾಲು ಪುಸ್ತಕಗಳು. ಅವು ದಕ್ಷಿಣ ಚೀನಾದ ನೂಲು ಬಿಚ್ಚುವ ಹೆಣ್ಣುಮಕ್ಕಳ ಬಗ್ಗೆ ಬಂದಂಥವು. ಅವರಲ್ಲಿ ಸಾವಿರಾರು ಜನ ಮದುವೆ ಬೇಡವೆಂದರು. ರೇಷ್ಮೆಯ ಕೆಲಸ ನಿಂತುಹೋದಾಗ ಹಡಗು ಹತ್ತಿ ಸಿಂಗಪುರ, ಮಲಯ, ಹಾಂಗ್‌ಕಾಂಗ್‌ಗಳಿಗೆ ಹೋಗಿ ಬೇರೆಯವರ ಮನೆಯ ಮಕ್ಕಳನ್ನು ಸಾಕಿ ಮುದುಕಿಯರಾದರು.

ಊರಿನಿಂದಲೇ ಶುರು ಮಾಡುತ್ತೇನೆ. ಗುವಾಂಗ್‌ಡಾಂಗ್ ಪ್ರಾಂತ್ಯದಲ್ಲಿ ಪರ್ಲ್ ನದಿ ಸಮುದ್ರ ಸೇರುವ ಮುಖಜಭೂಮಿಯಲ್ಲಿ ಶುಂದೆ ಎಂಬ ಸೀಮೆಯಿದೆ. ತಗ್ಗು ನೆಲ, ಎಲ್ಲೆಲ್ಲೂ ನೀರು. ಅಲ್ಲಿನ ರೈತರು ನೆಲ ಅಗೆದು ಕೊಳ ಮಾಡಿದರು, ಅಗೆದ ಮಣ್ಣನ್ನು ಸುತ್ತ ಏರಿಯಾಗಿ ಹಾಕಿ ಅದರ ಮೇಲೆ ಹಿಪ್ಪುನೇರಳೆ ನೆಟ್ಟರು. ಸೊಪ್ಪು ಹುಳುವಿಗೆ, ಹುಳುವಿನ ಹಿಕ್ಕೆ ಕೊಳದ ಮೀನಿಗೆ, ಕೊಳದ ತಳದ ಕೆಸರು ಮತ್ತೆ ಹಿಪ್ಪುನೇರಳೆಯ ಬುಡಕ್ಕೆ. ಏನೂ ಹಾಳಾಗದ ಈ ಏರ್ಪಾಡನ್ನು ಇವತ್ತಿಗೂ ಕೃಷಿ ಓದುವವರು ಉದಾಹರಣೆಯಾಗಿ ಹೇಳುತ್ತಾರೆ.

ಶುಂದೆಯ ಇನ್ನೊಂದು ವಿಶೇಷ ನಮ್ಮ ರೇಷ್ಮೆ ಸೀಮೆಯವರಿಗೆ ಕೂಡಲೇ ಅರ್ಥವಾಗುತ್ತದೆ. ಚೀನಾದ ರೇಷ್ಮೆ ಎಂದರೆ ಎಲ್ಲರಿಗೂ ನೆನಪಾಗುವುದು ಉತ್ತರಕ್ಕಿರುವ ಝೆಜಿಯಾಂಗ್, ಜಿಯಾಂಗ್ಸು ಪ್ರಾಂತ್ಯಗಳು. ಅಲ್ಲಿ ಚಳಿ ಹೆಚ್ಚು, ವಸಂತದ ಬೆಳೆಯೇ ಮುಖ್ಯ. ಶುಂದೆ ಬಿಸಿಲು ಸೀಮೆ. ವರ್ಷಕ್ಕೆ ಆರೇಳು ಬೆಳೆ. ಶಿಡ್ಲಘಟ್ಟ, ರಾಮನಗರ, ಕೊಳ್ಳೇಗಾಲದ ಕಡೆಯ ರೈತರಿಗೆ ಹೇಗೋ ಹಾಗೆ ಅಲ್ಲಿನವರಿಗೂ ರೇಷ್ಮೆ ಎನ್ನುವುದು ಯಾವುದೋ ಒಂದು ಋತುವಿನ ಸಂಗತಿಯಲ್ಲ. ಒಂದು ಬೆಳೆಯ ಗೂಡು ಮಾರುಕಟ್ಟೆಗೆ ಹೋಗುವಷ್ಟರಲ್ಲಿ ಮುಂದಿನ ಚಾಕಿ ಹುಳು ಸಿದ್ಧ. ಹುಳುವಿಗೆ ಒಂದೊಂದಾಗಿ ನಾಲ್ಕು ಜ್ವರ ಕಳೆದು, ಹಣ್ಣಾಗಿ, ಗೂಡು ಕಟ್ಟುವ ಲೆಕ್ಕದಲ್ಲೇ ವರ್ಷ ಉರುಳುತ್ತದೆ. ಇದರಿಂದ ಒಂದು ದೊಡ್ಡ ಪರಿಣಾಮವಾಯಿತು. ಗೂಡು ವರ್ಷವಿಡೀ ಬಂದರೆ ನೂಲು ಬಿಚ್ಚುವ ಕೆಲಸವೂ ವರ್ಷವಿಡೀ ಇರುತ್ತದೆ, ಆ ಕೆಲಸ ಮಾಡುವ ಹೆಣ್ಣಿಗೆ ಕೂಲಿಯೂ ಹೆಚ್ಚುಕಡಿಮೆ ವರ್ಷವಿಡೀ ಸಿಗುತ್ತದೆ.

ಈ ಕೂಲಿ ಕಾರ್ಖಾನೆಯ ಕೂಲಿಯಾದದ್ದು 1870ರ ದಶಕದಲ್ಲಿ. ಅದಕ್ಕೆ ಕಾರಣನಾದವನು ಚೆನ್ ಚಿಯುವಾನ್ ಎಂಬ ವ್ಯಾಪಾರಿ. ಶುಂದೆಯ ಪಕ್ಕದ ನಾನ್‌ಹಾಯ್‌ನವನು. ಈಗಿನ ವಿಯೆಟ್ನಾಮಿನಲ್ಲಿ ಬಹಳ ವರ್ಷ ವ್ಯಾಪಾರ ಮಾಡಿ, ಅಲ್ಲಿ ಹಬೆಯ ಯಂತ್ರದ ನೂಲು ಬಿಚ್ಚಾಣಿಕೆ ನೋಡಿಕೊಂಡು ಊರಿಗೆ ಮರಳಿ, ತನ್ನ ಹಳ್ಳಿಯಲ್ಲೇ ಫಿಲೇಚರ್ ಹಾಕಿದ. ಮೊದಮೊದಲು ಊರವರಿಗೆ ಇದು ಸರಿಬರಲಿಲ್ಲ. ಎತ್ತರದ ಹೊಗೆಕೊಳವೆ ಊರಿಗೆ ಒಳ್ಳೆಯದಲ್ಲ, ಗಂಡಸರು ಹೆಂಗಸರು ಒಂದೇ ಸೂರಿನಡಿ ಕೆಲಸ ಮಾಡುವುದು ಸರಿಯಲ್ಲ ಎಂಬ ಗೊಣಗಾಟವಿತ್ತು. 1881ರಲ್ಲಿ ಕೈಮಗ್ಗದ ನೇಕಾರರು ತಮಗೆ ನೂಲು ಸಿಗದಂತಾಯಿತೆಂದು ಸಿಟ್ಟಾಗಿ ಫಿಲೇಚರ್ ಒಂದನ್ನು ಒಡೆದು ಹಾಕಿದರು. ಆದರೂ ಯಂತ್ರ ನಿಂತಿತು. ಕೈಯಿಂದ ಬಿಚ್ಚಿದ ನೂಲಿಗಿಂತ ಹಬೆಯ ನೂಲು ಸಮವಾಗಿತ್ತು, ಹೊರದೇಶದವರು ಹೆಚ್ಚು ಬೆಲೆ ಕೊಡುತ್ತಿದ್ದರು. ಕೆಲವೇ ದಶಕಗಳಲ್ಲಿ ಶುಂದೆಯ ತುಂಬ ಫಿಲೇಚರ್‌ಗಳಾದವು. ಹೊರದೇಶಕ್ಕೆ ಹೋಗಿ ಬಂದ ಒಬ್ಬ ಗಂಡಸು ತಂದ ಯಂತ್ರ ಅದು. ಮುಂದೆ ಅದೇ ಯಂತ್ರ ನಿಂತಾಗ ಹೊರದೇಶಕ್ಕೆ ಹೋಗಬೇಕಾಗಿ ಬಂದವರು ಹೆಂಗಸರು.

ಆ ಕೆಲಸದಲ್ಲಿ ನಯವಾದದ್ದು ನೂಲು ಮಾತ್ರ. ಗೂಡನ್ನು ಬಿಸಿನೀರಿನಲ್ಲಿ ಬೇಯಿಸಬೇಕು, ಅಂಟು ಬಿಡಬೇಕು, ಎಳೆಯ ತುದಿ ಹುಡುಕಬೇಕು. ಒಂದು ಗೂಡಿನ ಎಳೆ ನೂರಾರು ಮೀಟರ್ ಉದ್ದವಿದ್ದರೂ ಒಂಟಿಯಾಗಿ ನಿಲ್ಲುವಷ್ಟು ಗಟ್ಟಿಯಲ್ಲ. ಐದಾರು ಗೂಡುಗಳ ಎಳೆ ಸೇರಿಸಿದರೆ ಒಂದು ನೂಲು. ಒಂದು ಗೂಡು ಮುಗಿದ ಕೂಡಲೇ ಇನ್ನೊಂದರ ತುದಿಯನ್ನು ಕಣ್ಣಿಗೆ ಕಾಣದಂತೆ ಸೇರಿಸಬೇಕು. ಒಳಗೆ ಬೆಂದ ಹುಳುವಿನ ವಾಸನೆ, ಹಬೆ, ದಿನವಿಡೀ ನೀರಿನಲ್ಲಿ ನೆಂದ ಬೆರಳು. ನಮ್ಮಲ್ಲಿ ಬಿಚ್ಚಾಣಿಕೆ ಮನೆಗಳ ಒಳಗೆ ಹೋಗಿ ಬಂದವರಿಗೆ ಆ ಕೈಗಳು ಹೇಗಿರುತ್ತವೆಂದು ಹೇಳಬೇಕಾಗಿಲ್ಲ. ಇದಕ್ಕೆ ಚುರುಕು ಬೆರಳು ಬೇಕು, ತಿಂಗಳುಗಟ್ಟಲೆ ಕಲಿಯಬೇಕು. ಚೆನ್ನಾಗಿ ಕಲಿತವಳನ್ನು ಕಾರ್ಖಾನೆಯವರು ಬಿಡಲು ಇಷ್ಟಪಡುತ್ತಿರಲಿಲ್ಲ, ಮನೆಯವರೂ ಅಷ್ಟೇ.

ಈಗ ಮದುವೆಯ ಮಾತಿಗೆ ಬರುತ್ತೇನೆ. ಆ ಸೀಮೆಯಲ್ಲಿ ಫಿಲೇಚರ್ ಬರುವುದಕ್ಕೆ ಮುಂಚಿನಿಂದಲೂ ಒಂದು ಪದ್ಧತಿಯಿತ್ತು. ಮದುವೆಯಾದ ಹುಡುಗಿ ಮೂರನೆಯ ದಿನ ತವರಿಗೆ ಮರಳುತ್ತಿದ್ದಳು. ಸುಮಾರು ಮೂರು ವರ್ಷ ತವರಲ್ಲೇ ಇರುತ್ತಿದ್ದಳು. ಹಬ್ಬಹರಿದಿನಗಳಲ್ಲಿ ಮಾತ್ರ ಗಂಡನ ಮನೆಗೆ ಹೋಗಿ ಬರುವುದು. ಚೀನಾದ ಉಳಿದೆಡೆ ಹೆಣ್ಣು ಮದುವೆಯ ದಿನವೇ ತವರಿನ ಪಾಲಿಗೆ ಹೊರಗಿನವಳಾಗುತ್ತಿದ್ದಾಗ ಇಲ್ಲಿ ಹೀಗೆ. ಜಾನಿಸ್ ಸ್ಟಾಕರ್ಡ್ 1989ರಲ್ಲಿ ಪ್ರಕಟಿಸಿದ 'ಡಾಟರ್ಸ್ ಆಫ್ ದ ಕ್ಯಾಂಟನ್ ಡೆಲ್ಟಾ' ಈ ಪದ್ಧತಿಯನ್ನು ಊರೂರು ಹಿಡಿದು ವಿವರಿಸುತ್ತದೆ. ಕಾರ್ಖಾನೆಯ ಕೂಲಿ ಬಂದ ಮೇಲೆ ಈ ಮೂರು ವರ್ಷ ಹಿಗ್ಗತೊಡಗಿತು. ಕೆಲವರು ತಮ್ಮ ದುಡಿಮೆಯ ಹಣದಿಂದ ಗಂಡನಿಗೆ ಇನ್ನೊಬ್ಬಳನ್ನು ತಂದುಕೊಟ್ಟು, ಹಿರಿಯ ಹೆಂಡತಿ ಎಂಬ ಹೆಸರು ಮಾತ್ರ ಉಳಿಸಿಕೊಂಡು, ತಾವು ಗಂಡನ ಮನೆಗೆ ಹೋಗಲೇ ಇಲ್ಲ. ಇನ್ನು ಕೆಲವರು ಸತ್ತುಹೋದ ಗಂಡಿನ ಹೆಸರಿಗೆ ಮದುವೆಯಾದರು.

ಇವೆರಡನ್ನೂ ಬಿಟ್ಟು ನೇರವಾಗಿ ಮದುವೆಯೇ ಬೇಡ ಎಂದವರು 'ಝಿಶುನ್ಯು'. ಹಾಗೆಂದರೆ ತನ್ನ ತಲೆ ತಾನೇ ಬಾಚಿಕೊಂಡವಳು. ಅಲ್ಲಿ ಮದುವೆಯಾಗದ ಹುಡುಗಿ ಜಡೆ ಬಿಡುತ್ತಾಳೆ, ಮದುವೆಯ ದಿನ ಹಿರಿಯರು ಜಡೆ ಬಿಚ್ಚಿ ಬಾಚಿ ತುರುಬು ಕಟ್ಟುತ್ತಾರೆ. ಝಿಶುನ್ಯು ಆಗುವವಳು ಒಳ್ಳೆಯ ದಿನ ನೋಡಿ, ಕರುಣೆಯ ದೇವತೆ ಗುವಾನ್‌ಯಿನ್ ಮುಂದೆ ನಿಂತು, ಮದುವೆಯಾಗುವುದಿಲ್ಲವೆಂದು ಆಣೆ ಮಾಡಿ ತುರುಬು ಕಟ್ಟಿಕೊಳ್ಳುತ್ತಿದ್ದಳು. ಹೊಸ ಬಟ್ಟೆ, ನೆಂಟರಿಷ್ಟರಿಗೆ ಊಟ ಎಲ್ಲ ಇತ್ತು. ಮದುವೆಯ ಶಾಸ್ತ್ರದಲ್ಲಿ ಗಂಡೊಬ್ಬನನ್ನು ಬಿಟ್ಟು ಉಳಿದದ್ದೆಲ್ಲ ಇತ್ತೆನ್ನಬೇಕು. ಆಮೇಲೆ ಅವಳು ಹಿರಿಯ ಹೆಂಗಸು. ಅವಳನ್ನು ಇನ್ನೊಬ್ಬರು ಮದುವೆ ಮಾಡಿಕೊಡುವ ಹಾಗಿಲ್ಲ. ಊರು ಇದನ್ನು ಓಡಿಹೋಗುವುದು ಎಂದು ನೋಡದೆ ಒಂದು ಕ್ರಮ ಎಂದೇ ಒಪ್ಪಿತ್ತು.

ಇವರನ್ನು ಇಂಗ್ಲಿಷ್ ಓದುಗರಿಗೆ ಪರಿಚಯಿಸಿದವರಲ್ಲಿ ಅಮೆರಿಕದ ಪತ್ರಕರ್ತೆ ಆಗ್ನೆಸ್ ಸ್ಮೆಡ್ಲಿ ಒಬ್ಬರು. 1930ರಲ್ಲಿ ಅವರು ಶುಂದೆಯ ಕಡೆ ಸುತ್ತಿದರು. ಜೊತೆಗೆ ಬಂದಿದ್ದ ಮಾರ್ಗದರ್ಶಿಗೆ ಈ ಹೆಣ್ಣುಮಕ್ಕಳನ್ನು ಕಂಡರೆ ಆಗುತ್ತಿರಲಿಲ್ಲ. ತಲೆಯೆತ್ತಿ ನಡೆಯುತ್ತಾರೆ, ಮದುವೆಯಾಗುವುದಿಲ್ಲ, ತಮ್ಮತಮ್ಮಲ್ಲೇ ಇರುತ್ತಾರೆ ಎಂದು ಅವನಿಗೆ ಸಿಟ್ಟು. ಅವನ ಸಿಟ್ಟಿನಿಂದಲೇ ಸ್ಮೆಡ್ಲಿಗೆ ಕುತೂಹಲ ಹುಟ್ಟಿದ ಹಾಗಿದೆ. ಹೆಣ್ಣಿನ ಕೂಲಿ ಮನೆಗೆ ಬರುವ ಊರಿನಲ್ಲಿ ಹೆಣ್ಣಿನ ಬೆಲೆ ಬೇರೆ ಎಂಬುದನ್ನು ಅವರು ಕಂಡರು.

ಕಾದಂಬರಿಯಾಗಿ ಇದನ್ನು ಬರೆದವರು ಗೇಲ್ ಸುಕಿಯಾಮ. ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಹುಟ್ಟಿದ ಅವರ ತಾಯಿ ಹಾಂಗ್‌ಕಾಂಗಿನ ಚೀನೀ ಹೆಂಗಸು, ತಂದೆ ಹವಾಯಿಯ ಜಪಾನೀ ಮೂಲದವರು. 1991ರ 'ವಿಮೆನ್ ಆಫ್ ದ ಸಿಲ್ಕ್' ಕಾದಂಬರಿಯಲ್ಲಿ ಪೇಯಿ ಎಂಬ ಹುಡುಗಿಯನ್ನು ಮೀನು ಸಾಕುವ ಅಪ್ಪ ಒಂದು ದಿನ ರೇಷ್ಮೆ ಕೆಲಸದ ಹುಡುಗಿಯರ ಮನೆಗೆ ಕರೆದುಕೊಂಡು ಹೋಗಿ, ಏನೂ ಹೇಳದೆ ಬಿಟ್ಟು ಬರುತ್ತಾನೆ. ಅವಳ ಕೂಲಿಯಿಂದ ಹಳ್ಳಿಯ ಮನೆ ನಡೆಯಬೇಕು. ಬಿಟ್ಟುಹೋದ ನೋವಿನಿಂದ ಶುರುವಾದ ಬದುಕಿನಲ್ಲಿ ಅವಳಿಗೆ ಗೆಳತಿಯರು ಸಿಗುತ್ತಾರೆ, ಕೈಯಲ್ಲಿ ಕೆಲಸ ನಿಲ್ಲುತ್ತದೆ. ತುರುಬು ಕಟ್ಟಿಕೊಳ್ಳುವ ದಿನವೂ ಬರುತ್ತದೆ. 1999ರಲ್ಲಿ ಬಂದ 'ದ ಲ್ಯಾಂಗ್ವೇಜ್ ಆಫ್ ಥ್ರೆಡ್ಸ್' ಅವಳನ್ನು ಯುದ್ಧದಿಂದ ತಪ್ಪಿಸಿಕೊಂಡ ನಿರಾಶ್ರಿತಳಾಗಿ ಹಾಂಗ್‌ಕಾಂಗಿಗೆ ತಂದು, ಮನೆಗೆಲಸಕ್ಕೆ ಹಚ್ಚುತ್ತದೆ.

ಕಾದಂಬರಿ ಓದಿದಾಗ ಇದೊಂದು ಬಿಡುಗಡೆಯ ಕಥೆ ಎನ್ನಿಸುತ್ತದೆ. ಮಾನವಶಾಸ್ತ್ರಜ್ಞರನ್ನು ಓದಿದರೆ ಅಷ್ಟು ಸಲೀಸಾಗಿ ಹಾಗನ್ನಲು ಬರುವುದಿಲ್ಲ. ಮಾರ್ಜರಿ ಟಾಪ್ಲಿ 1975ರ ತಮ್ಮ ಪ್ರಸಿದ್ಧ ಲೇಖನದಲ್ಲಿ ಇದನ್ನು ಮದುವೆಗೆ ತೋರಿದ ಪ್ರತಿರೋಧ ಎಂದೇ ಕರೆದರು. ಕೆಲಸ, ಧರ್ಮ, ಹೆಂಗಸರ ಸಂಘಗಳು ಎಲ್ಲ ಸೇರಿ ಅದಕ್ಕೆ ಬಲ ಕೊಟ್ಟವು ಎಂದು ತೋರಿಸಿದರು. ಸ್ಟಾಕರ್ಡ್ ಪುಸ್ತಕ ಓದುವಾಗ ಮನೆಯವರ ಲೆಕ್ಕಾಚಾರವೂ ಕಣ್ಣಿಗೆ ಬೀಳುತ್ತದೆ. ಮಗಳು ಮದುವೆಯಾಗದಿದ್ದರೆ ಅವಳ ಕೂಲಿ ತವರಿನಲ್ಲೇ ಉಳಿಯುತ್ತದೆ, ಆ ಹಣದಿಂದ ತಮ್ಮಂದಿರ ಮದುವೆಯಾಗುತ್ತದೆ, ಸಾಲ ತೀರುತ್ತದೆ. ಎಷ್ಟೋ ಹುಡುಗಿಯರ ಆಣೆಯ ಹಿಂದೆ ಅಪ್ಪ ಅಮ್ಮನ ಕಣ್ಣೂ ಇತ್ತು.

ಹಾಗಾದರೆ ಅದು ಬಿಡುಗಡೆಯೋ, ಮನೆಯವರಿಗೆ ಒದಗಿದ ಅನುಕೂಲವೋ? ನಾನು ಈ ಪ್ರಶ್ನೆಯನ್ನು ಬಹಳ ದಿನ ಹೊತ್ತುಕೊಂಡು ಓದಿದೆ. ಕೂಲಿ ಕೈಗೆ ಬರುತ್ತಿದ್ದ ಕಾಲದ ಸಾಕ್ಷಿಯಿಂದ ಉತ್ತರ ಸಿಗುವುದಿಲ್ಲ, ಏಕೆಂದರೆ ಆಗ ಮಗಳ ಇಷ್ಟವೂ ಮನೆಯ ಲಾಭವೂ ಒಂದೇ ದಿಕ್ಕಿನಲ್ಲಿದ್ದವು. ಉತ್ತರ ಹುಡುಕಬೇಕಾದದ್ದು ಕೂಲಿ ನಿಂತ ಮೇಲೆ ಅವರೇನು ಮಾಡಿದರು ಎಂಬಲ್ಲಿ.

ಕೂಲಿ ನಿಂತದ್ದು 1930ರ ದಶಕದ ಮೊದಲ ವರ್ಷಗಳಲ್ಲಿ. 1929ರಲ್ಲಿ ನ್ಯೂಯಾರ್ಕಿನ ಷೇರುಪೇಟೆ ಕುಸಿದ ಮೇಲೆ ಅಮೆರಿಕದವರು ರೇಷ್ಮೆ ಕೊಳ್ಳುವುದು ಕಡಿಮೆಯಾಯಿತು. ಅದಕ್ಕೂ ಮುಂಚೆಯೇ ಜಪಾನಿನ ರೇಷ್ಮೆ ಚೀನಾದ್ದನ್ನು ಹಿಂದೆ ಹಾಕಿತ್ತು. ಕೃತಕ ರೇಷ್ಮೆ ಬೇರೆ ಬಂದಿತ್ತು. ಆ ಕಾಲದ ಚೀನೀ ಹಳ್ಳಿಯ ಸಂಕಟ ತಿಳಿಯಬೇಕಾದರೆ ಮಾವೋ ದುನ್ 1932ರಲ್ಲಿ ಬರೆದ 'ವಸಂತದ ರೇಷ್ಮೆಹುಳುಗಳು' ಕಥೆ ಓದಬೇಕು. ಅದು ಶುಂದೆಯದಲ್ಲ, ಝೆಜಿಯಾಂಗ್‌ನದು. ಒಂದು ಕುಟುಂಬ ನಿದ್ದೆಗೆಟ್ಟು, ಸೊಪ್ಪಿಗೆ ಸಾಲ ಮಾಡಿ ಹುಳು ಸಾಕುತ್ತದೆ, ಗೂಡು ಅಪರೂಪಕ್ಕೆ ಚೆನ್ನಾಗಿ ಬರುತ್ತದೆ. ಅಷ್ಟರಲ್ಲಿ ಗೂಡು ಕೊಳ್ಳುವವರು ಬಾಗಿಲು ಹಾಕಿರುತ್ತಾರೆ. ಬೆಳೆ ಚೆನ್ನಾಗಿ ಬಂದದ್ದರಿಂದಲೇ ಸಾಲ ಹೆಚ್ಚಾಗುತ್ತದೆ. ನಮ್ಮ ಗೂಡಿನ ಮಾರುಕಟ್ಟೆಯಲ್ಲಿ ಬೆಲೆ ಬಿದ್ದ ದಿನ ಬರಿಗೈಲಿ ನಿಂತ ಯಾವ ರೈತನಿಗೂ ಈ ಕಥೆಗೆ ಟಿಪ್ಪಣಿ ಬೇಕಾಗುವುದಿಲ್ಲ.

ಅದೇ ವರ್ಷಗಳಲ್ಲಿ ಮೈಸೂರು ಸಂಸ್ಥಾನದ ರೇಷ್ಮೆಯೂ ನೆಲಕಚ್ಚಿತ್ತು. ಚೀನಾ, ಜಪಾನುಗಳ ಅಗ್ಗದ ನೂಲು ಬಂದು ಬೀಳುತ್ತಿದೆ ಎಂಬ ದೂರಿನ ಮೇಲೆ ಸುಂಕ ಮಂಡಳಿ 1933ರಲ್ಲಿ ವಿಚಾರಣೆ ನಡೆಸಿತು, 1934ರಲ್ಲಿ ರಕ್ಷಣಾ ಸುಂಕ ಬಂತು. ನಮ್ಮ ಕಡೆಯಿಂದ ನೋಡಿದರೆ ಚೀನಾದ ರೇಷ್ಮೆ ಎಂದರೆ ನಮ್ಮ ರೈತನ ಹೊಟ್ಟೆಗೆ ಹೊಡೆದದ್ದು. ಆ ಬೆಲೆ ಅಷ್ಟು ಇಳಿಯಬೇಕಾದರೆ ಅಲ್ಲಿ ಏನು ನಡೆಯುತ್ತಿತ್ತು ಎಂದು ಸುಂಕದ ಕಾಗದಗಳು ಹೇಳುವುದಿಲ್ಲ. ಅಲ್ಲಿ ಫಿಲೇಚರ್‌ಗಳು ಒಂದೊಂದಾಗಿ ಮುಚ್ಚುತ್ತಿದ್ದವು, ಹೆಣ್ಣುಮಕ್ಕಳು ಬೆರಳಿನ ಕಸುಬು ಬಿಟ್ಟು ಬೀದಿಗೆ ಬರುತ್ತಿದ್ದರು.

ತುರುಬು ಕಟ್ಟಿಕೊಂಡಿದ್ದ ಹೆಂಗಸರ ಮುಂದೆ ಈಗ ಎರಡು ದಾರಿಯಿತ್ತು. ಆಣೆ ಮುರಿದು ಯಾರನ್ನಾದರೂ ಮದುವೆಯಾಗುವುದು, ಇಲ್ಲವೇ ಬೇರೆ ಕೆಲಸ ಹುಡುಕುವುದು. ಬಹಳ ಜನ ಹಡಗು ಹತ್ತಿದರು. ಬ್ರಿಟಿಷರ ಕಾನೂನೊಂದು ಇದಕ್ಕೆ ಬಾಗಿಲು ತೆರೆದಿತ್ತು. ಆರ್ಥಿಕ ಕುಸಿತದಿಂದ ಕೂಲಿಗಳು ಹೆಚ್ಚಾದರೆಂದು 1933ರ ಏಲಿಯನ್ಸ್ ಕಾಯ್ದೆ ಸಿಂಗಪುರ, ಮಲಯಗಳಿಗೆ ಬರುವ ಚೀನೀ ಗಂಡಸರ ಸಂಖ್ಯೆಗೆ ಮಿತಿ ಹಾಕಿತು. ಹೆಂಗಸರಿಗೆ 1938ರವರೆಗೆ ಆ ಮಿತಿಯಿರಲಿಲ್ಲ. ಆ ಐದು ವರ್ಷಗಳಲ್ಲಿ ಕ್ಯಾಂಟನ್ ಸೀಮೆಯ ಹೆಂಗಸರು ಗುಂಪುಗುಂಪಾಗಿ ಬಂದಿಳಿದರು. ಸಾನ್‌ಶುಯಿ ಕಡೆಯಿಂದ ಬಂದ ಕೆಂಪು ತಲೆವಸ್ತ್ರದ ಹೆಂಗಸರು ಕಟ್ಟಡದ ಕೆಲಸಕ್ಕೆ ಹೋದರು. ಶುಂದೆಯವರು ಹೆಚ್ಚಾಗಿ ಮನೆಗೆಲಸ ಹಿಡಿದರು.

ಅವರನ್ನು ಅಲ್ಲಿ 'ಆಮಾ' ಎಂದರು. ನಮ್ಮ 'ಆಯಾ' ಹೇಗೆ ಪೋರ್ಚುಗೀಸರಿಂದ ಬಂದ ಮಾತೋ ಇದೂ ಹಾಗೆಯೇ. ಬಿಳಿ ಮೇಲಂಗಿ, ಕಪ್ಪು ಪೈಜಾಮ, ಹಿಂದಕ್ಕೆ ಎಳೆದು ಬಾಚಿದ ತಲೆ. ಇದೇ ಅವರ ಗುರುತು. ಕೆನೆತ್ ಗಾ 1988ರಲ್ಲಿ ಬರೆದ 'ಸುಪೀರಿಯರ್ ಸರ್ವೆಂಟ್ಸ್' ಇವರ ಬಗೆಗಿನ ಪುಸ್ತಕ. ಅಡುಗೆಯವಳು ಬೇರೆ, ಮಗು ನೋಡುವವಳು ಬೇರೆ, ಬಟ್ಟೆ ಒಗೆಯುವವಳು ಬೇರೆ. ಚಿಕ್ಕ ಮನೆಯಲ್ಲಿ ಎಲ್ಲವನ್ನೂ ಒಬ್ಬಳೇ ಮಾಡಿದರೆ ಅದಕ್ಕೆ ಕ್ಯಾಂಟನೀಸಿನಲ್ಲಿ 'ಒಂದೇ ಕಾಲಿನ ಒದೆತ' ಎಂಬ ತಮಾಷೆಯ ಹೆಸರು. ಕೂಲಿ, ರಜೆಯನ್ನು ಮೊದಲೇ ಮಾತಾಡಿಕೊಳ್ಳುತ್ತಿದ್ದರು. ಮನೆ ಸರಿಬರದಿದ್ದರೆ ಬಿಟ್ಟು ಹೊರಡುತ್ತಿದ್ದರು.

ಹಾಗೆ ಹೊರಡಲು ಒಂದು ಜಾಗ ಬೇಕಲ್ಲ. ಅದನ್ನು ಅವರು ರೇಷ್ಮೆ ಸೀಮೆಯಿಂದಲೇ ಕಲಿತು ಬಂದಿದ್ದರು. ಊರಿನಲ್ಲಿ ಹುಡುಗಿಯರು ಒಟ್ಟಾಗಿ ಇರುತ್ತಿದ್ದ ಮನೆಗಳ ಹಾಗೆ ಸಿಂಗಪುರದ ಚೈನಾಟೌನಿನಲ್ಲಿ ನಾಲ್ಕಾರು ಜನ ಸೇರಿ ಒಂದು ಕೋಣೆ ಬಾಡಿಗೆಗೆ ಹಿಡಿಯುತ್ತಿದ್ದರು. ಅದಕ್ಕೆ 'ಕಾಂಗ್ಸಿ' ಎಂದು ಹೆಸರು. ಒಬ್ಬೊಬ್ಬರದೂ ಒಂದು ಪೆಟ್ಟಿಗೆ ಅಲ್ಲಿರುತ್ತಿತ್ತು. ಕೆಲಸ ಹೋದಾಗ, ಕಾಯಿಲೆಯಾದಾಗ, ಹಬ್ಬ ಬಂದಾಗ ಅದೇ ಅವರ ತವರು. ಏಳನೆಯ ತಿಂಗಳ ಏಳನೆಯ ದಿನ ನೇಯ್ಗೆಯ ದೇವಕನ್ಯೆಯ ಹೆಸರಿನಲ್ಲಿ ನಡೆಯುವ 'ಏಳು ಅಕ್ಕತಂಗಿಯರ ಹಬ್ಬ' ಅವರಿಗೆ ದೊಡ್ಡದು. ನೂಲು ಕೈಬಿಟ್ಟು ಎಷ್ಟೋ ವರ್ಷ ಕಳೆದ ಮೇಲೂ ಆ ಹಬ್ಬ ಮಾಡಿದರು. ಹಣ ಕೂಡಿದಾಗ ರಸ್ತೆ ಬದಿಯ ಕಾಗದ ಬರೆಯುವವನ ಬಳಿ ಕೂತು, ತಾವು ಹೇಳಿ ಅವನಿಂದ ಬರೆಸಿ ಊರಿಗೆ ಕಳಿಸುತ್ತಿದ್ದರು.

ನನ್ನ ಪ್ರಶ್ನೆಗೆ ಉತ್ತರ ಇಲ್ಲಿದೆ ಅನ್ನಿಸುತ್ತದೆ. ಊರಿನ ಮನೆಗೆ ಹಣ ಕಳಿಸುವುದನ್ನು ಅವರು ಬಿಡಲಿಲ್ಲ. ಆ ಮಟ್ಟಿಗೆ ಅವರು ಕೊನೆಯವರೆಗೂ ತವರಿನ ಮಕ್ಕಳೇ, ಸ್ಟಾಕರ್ಡ್ ಹೇಳುವ ಲೆಕ್ಕಾಚಾರ ನಿಜ. ಆದರೆ ಸಾವಿರಾರು ಮೈಲಿ ದೂರದಲ್ಲಿ, ಯಾರ ಕಣ್ಗಾವಲೂ ಇಲ್ಲದ ಕಡೆ, ಹೆಂಗಸರು ಕಡಿಮೆಯಿದ್ದು ಗಂಡಸರೇ ತುಂಬಿದ್ದ ಊರಿನಲ್ಲಿ ಮದುವೆಯಾಗಲು ಅವರಿಗೆ ಯಾವ ಅಡ್ಡಿಯೂ ಇರಲಿಲ್ಲ. ಆದರೂ ಅಷ್ಟೊಂದು ಜನ ತುರುಬಿನ ಆಣೆಯನ್ನು ಸಾಯುವವರೆಗೆ ಉಳಿಸಿಕೊಂಡರು. ಮನೆಯವರ ಲಾಭಕ್ಕೆಂದು ಮಾಡಿದ ಆಣೆಯನ್ನು ಯಾರೂ ಹಾಗೆ ಐವತ್ತು ವರ್ಷ ಕಾಯುವುದಿಲ್ಲ. ಮದುವೆ ಬೇಡ ಎನ್ನುವುದು ಅವರದೇ ಮಾತಾಗಿತ್ತು. ರೇಷ್ಮೆ ಆ ಮಾತಿಗೆ ಖರ್ಚು ಕೊಟ್ಟಿತ್ತು, ಅಷ್ಟೇ.

ಇದರ ಬೆಲೆಯೂ ಸಣ್ಣದಲ್ಲ. ತಾವು ಹೆತ್ತ ಮಕ್ಕಳಿಲ್ಲ. ಎತ್ತಿ ಆಡಿಸಿದ ಮಕ್ಕಳು ಬೇರೆಯವರ ಮಕ್ಕಳು, ದೊಡ್ಡವರಾಗಿ ಹೊರಟುಹೋದರು. ಕೆಲವರು ಹೆಣ್ಣುಮಕ್ಕಳನ್ನು ದತ್ತು ತೆಗೆದುಕೊಂಡು ಸಾಕಿದರು. ಏನೂ ಇಲ್ಲದವರಿಗೆ ಸಿಂಗಪುರದ ಸೇಗೋ ಲೇನ್ ಇತ್ತು. ಸಾಯುವ ಕಾಲ ಹತ್ತಿರ ಬಂದ ಬಡವರು ಹೋಗಿ ಮಲಗುವ ಮನೆಗಳ ಬೀದಿ ಅದು. ಮುಪ್ಪಿಗಿಂತ ಸಾವಿನ ಯೋಚನೆಯೇ ಅವರನ್ನು ಹೆಚ್ಚು ಕಾಡಿತ್ತು. ಶುಂದೆಯ ನಂಬಿಕೆಯಂತೆ ಮದುವೆಯಾಗದ ಮಗಳು ಅಪ್ಪನ ಮನೆಯಲ್ಲಿ ಸಾಯುವಂತಿಲ್ಲ, ಆ ಮನೆಯ ಪೂರ್ವಿಕರ ಜೊತೆ ಅವಳ ಹೆಸರಿನ ಫಲಕ ಇಡುವಂತಿಲ್ಲ. ಬದುಕಿರುವಾಗ ಅವಳ ಹಣ ತವರಿಗೆ ಬೇಕು, ಸತ್ತ ಮೇಲೆ ಅವಳ ಹೆಸರು ಬೇಡ. ಅದಕ್ಕೇ ಊರೂರಲ್ಲಿ ಇವರು ತಮ್ಮದೇ 'ಅತ್ತೆಯರ ಮನೆ'ಗಳನ್ನು ಕಟ್ಟಿಕೊಂಡಿದ್ದರು, ಸಸ್ಯಾಹಾರದ ಆಶ್ರಮಗಳಿಗೆ ಸೇರುತ್ತಿದ್ದರು.

ಅಂಥದೊಂದು ಮನೆ ಇವತ್ತಿಗೂ ಉಳಿದಿದೆ. ಶುಂದೆಯ ಜುನ್‌ಆನ್ ಪಟ್ಟಣದ ಶಾತೌ ಹಳ್ಳಿಯಲ್ಲಿರುವ ಅದರ ಹೆಸರು ಬಿಂಗ್ ಯು ತಾಂಗ್. ಮಂಜುಗಡ್ಡೆಯ ಹಾಗೆ, ಪಚ್ಚೆಶಿಲೆಯ ಹಾಗೆ ಶುದ್ಧವಾದ ಮನೆ ಎಂದು ಅರ್ಥ. ಸಿಂಗಪುರದಲ್ಲಿ ಮನೆಗೆಲಸ ಮಾಡುತ್ತಿದ್ದ ಅದೇ ಹಳ್ಳಿಯ ಹೆಂಗಸರು ತಮ್ಮ ಕೂಲಿಯಲ್ಲಿ ಉಳಿಸಿದ ಹಣ ಒಟ್ಟುಗೂಡಿಸಿ, ಮುಪ್ಪಿನಲ್ಲಿ ಮರಳಿ ಬಂದು ಇರಲೆಂದು, ಅಲ್ಲೇ ಸಾಯಲೆಂದು 1950ರ ಸುಮಾರಿಗೆ ಇದನ್ನು ಕಟ್ಟಿಸಿದರು. ಈಗ ಅದು ವಸ್ತುಸಂಗ್ರಹಾಲಯ. ಲೇಯಿಜುವಿನ ಹೆಸರು ಎಲ್ಲ ರೇಷ್ಮೆ ಪುಸ್ತಕಗಳಲ್ಲೂ ಇದೆ. ನೂಲು ಬಿಚ್ಚಿದವರ ಹೆಸರು ಬೇಕಾದರೆ ಇಲ್ಲಿಗೆ ಹೋಗಬೇಕು. ತವರಿನ ಗೋಡೆಯಲ್ಲಿ ಜಾಗ ಸಿಗದ ಹೆಣ್ಣುಮಕ್ಕಳ ಹೆಸರಿನ ಫಲಕಗಳು ಅಲ್ಲಿ ಸಾಲಾಗಿ, ಒಂದರ ಪಕ್ಕ ಒಂದು ನಿಂತಿವೆ.